ಜಾತ್ರೆಯ ರಂಗದಲ್ಲಿ ಯುದ್ಧ: ಕುರುಕ್ಷೇತ್ರ ಇದೆ, ಮಾಯಕೊಂಡ ಎಲ್ಲಿ?

ದಾವಣಗೆರೆ: 2025ರ ಮೇ 10ರಂದು ಕೇಂದ್ರ ಗೃಹ ಸಚಿವಾಲಯದ ನಾಗರಿಕ ರಕ್ಷಣಾ ವಿಭಾಗವು ದೇಶದ ಸುದ್ದಿವಾಹಿನಿಗಳಿಗೆ ಒಂದು ಸೂಚನೆ ಕಳುಹಿಸಿತು. ವಾಯುದಾಳಿಯ ಸೈರನ್ ಸದ್ದನ್ನು ಕಾರ್ಯಕ್ರಮಗಳಲ್ಲಿ ಬಳಸಬೇಡಿ ಎಂಬುದೇ ಆ ಸೂಚನೆ. ಆ ಸದ್ದು ಜನರ ಕಿವಿಗೆ ರೂಢಿಯಾಗಿಬಿಟ್ಟರೆ ನಿಜವಾದ ದಾಳಿಯ ಹೊತ್ತಿನಲ್ಲಿ ಯಾರೂ ಎಚ್ಚೆತ್ತುಕೊಳ್ಳಲಾರರು ಎಂಬುದು ಅದರ ಹಿಂದಿನ ಆತಂಕ. ಆಪರೇಷನ್ ಸಿಂಧೂರದ ಆ ನಾಲ್ಕು ದಿನಗಳಲ್ಲಿ ಯುದ್ಧವು ಅನೇಕ ಸ್ಟುಡಿಯೋಗಳಲ್ಲಿ ನಾಟಕದ ರೂಪ ತಾಳಿತ್ತು. ಹಿನ್ನೆಲೆ ಸಂಗೀತವಿತ್ತು, ಆರ್ಭಟವಿತ್ತು, ಚಪ್ಪಾಳೆಯ ನಿರೀಕ್ಷೆಯೂ ಇತ್ತು. ಇಲ್ಲದಿದ್ದುದು ಒಂದೇ: ಶೋಕ.

ಇದೇ ಹೊತ್ತಿಗೆ ಚನ್ನಗಿರಿ, ಹೊನ್ನಾಳಿ, ನ್ಯಾಮತಿ ಮತ್ತು ಜಗಳೂರು ತಾಲ್ಲೂಕುಗಳ ಹಳ್ಳಿಗಳ ರಂಗಪರಂಪರೆಯತ್ತ ಒಮ್ಮೆ ಹೊರಳಿ ನೋಡುವುದು ಉಚಿತ. ಸುಗ್ಗಿ ಮುಗಿದು ಜಾತ್ರೆಗಳು ಆರಂಭವಾದವೆಂದರೆ ಈ ಸೀಮೆಯಲ್ಲಿ ನಾಟಕದ ಕರಪತ್ರಗಳು ಗೋಡೆ ಏರುತ್ತವೆ. ಸಾಮಾಜಿಕ ನಾಟಕಗಳ ಜೊತೆಗೆ ‘ಕುರುಕ್ಷೇತ್ರ’ ಮತ್ತು ‘ರಕ್ತರಾತ್ರಿ’ಯಂಥ ಪೌರಾಣಿಕ ನಾಟಕಗಳಿಗೂ ಅಲ್ಲಿ ತಲೆಮಾರುಗಳಿಂದ ಸ್ಥಾನವಿದೆ. ಯುದ್ಧವನ್ನೇ ಹೆಸರಿನಲ್ಲಿ ಹೊತ್ತ ಈ ನಾಟಕಗಳು ಯುದ್ಧದ ಬಗ್ಗೆ ನಿಜವಾಗಿ ಏನು ಹೇಳುತ್ತವೆ ಎಂಬುದು ಪರಿಶೀಲನೆಗೆ ಅರ್ಹವಾದ ವಿಷಯ.

ಬಾಣಕ್ಕಿಂತ ಮಾತೇ ಹೆಚ್ಚು

ರಾತ್ರಿ ಹತ್ತಕ್ಕೆ ಆರಂಭವಾಗಿ ಬೆಳಗಿನ ಜಾವದವರೆಗೆ ನಡೆಯುವ ‘ಕುರುಕ್ಷೇತ್ರ’ದಲ್ಲಿ ಬಾಣಪ್ರಯೋಗಕ್ಕೆ ಸಿಗುವ ಕಾಲ ಅತ್ಯಲ್ಪ. ನಿದ್ರಿಸುವ ಕೃಷ್ಣನ ಬಳಿಗೆ ದುರ್ಯೋಧನ ಮತ್ತು ಅರ್ಜುನ ನೆರವು ಕೇಳಲು ಬರುವುದು, ಕೌರವನ ಆಸ್ಥಾನದಲ್ಲಿ ಸಂಧಾನ ಮುರಿದು ಬೀಳುವುದು, ಕುಂತಿ ಕರ್ಣನನ್ನು ಕಂಡು ಮಗನೆಂದು ಹೇಳಿಕೊಳ್ಳುವುದು, ಅಭಿಮನ್ಯು ಚಕ್ರವ್ಯೂಹಕ್ಕೆ ಹೊರಡುವುದು - ಪ್ರೇಕ್ಷಕರು ನಿದ್ದೆಗೆಟ್ಟು ಕಾಯುವ ದೃಶ್ಯಗಳು ಇವೇ. ಅಂದರೆ ಯುದ್ಧವನ್ನು ತಪ್ಪಿಸಬಹುದಾಗಿದ್ದ ಗಳಿಗೆಗಳು ಮತ್ತು ಯುದ್ಧ ಕಸಿದುಕೊಂಡ ಜೀವಗಳು. ಹಾರ್ಮೋನಿಯಂ ಮೇಷ್ಟ್ರು ಪಾತ್ರಧಾರಿಗಳನ್ನು ತಿಂಗಳುಗಟ್ಟಲೆ ತಾಲೀಮು ಮಾಡಿಸುವುದೂ ಈ ದೃಶ್ಯಗಳ ಕಂದಪದ್ಯ, ರಂಗಗೀತೆಗಳಿಗಾಗಿ.

ಇನ್ನೂ ಗಮನಾರ್ಹವಾದ ಸಂಗತಿಯೊಂದಿದೆ. ಈ ರಂಗದಲ್ಲಿ ಶತ್ರುವಿಗೆ ಪೂರ್ಣ ಅವಕಾಶವಿದೆ. ದುರ್ಯೋಧನನ ಪಾತ್ರಕ್ಕೆ ಊರಿನಲ್ಲಿ ಪೈಪೋಟಿ ಏರ್ಪಡುವುದುಂಟು. ಪಾತ್ರ ಸಿಕ್ಕವನು ಅದಕ್ಕಾಗಿ ಕೈಯಿಂದ ಹಣ ತೆರುತ್ತಾನೆ. ಕರ್ಣನ ಪಾತ್ರಧಾರಿಗೆ ಬಂಧುಗಳು ರಂಗದ ಮೇಲೇ ಉಂಗುರ ತೊಡಿಸುತ್ತಾರೆ, ಹಾರ ಹಾಕುತ್ತಾರೆ. ಸೋಲುವ ಪಕ್ಷದ ಪದ್ಯಕ್ಕೆ ‘ಒನ್ಸ್ ಮೋರ್’ ಕೇಳುವ ಪ್ರೇಕ್ಷಕನಿಗೆ ಆ ಪಕ್ಷ ಸೋಲುತ್ತದೆಂಬುದು ಮೊದಲೇ ಗೊತ್ತು. ಹಾಗಿದ್ದೂ ಅವನ ಮಾತನ್ನು ಪೂರ್ತಿ ಕೇಳುವ ವ್ಯವಧಾನ ಅವನಿಗಿದೆ. ಇದು ದಾಯಾದಿಗಳ ಜಗಳ, ಎರಡೂ ಕಡೆ ಸತ್ತವರು ಒಂದೇ ಮನೆಯವರು ಎಂಬ ಅರಿವು ಅದರ ಹಿಂದಿದೆ. ಹೊಲದ ಬದುವಿಗಾಗಿ ಅಣ್ಣತಮ್ಮಂದಿರು ನ್ಯಾಯಾಲಯದ ಮೆಟ್ಟಿಲು ಹತ್ತುವ ಊರುಗಳಲ್ಲಿ ಈ ಕಥೆಯನ್ನು ಯಾರೂ ಬಿಡಿಸಿ ಹೇಳಬೇಕಿಲ್ಲ.

ಕಂದಗಲ್ಲ ಹನುಮಂತರಾಯರ ‘ರಕ್ತರಾತ್ರಿ’ ಮತ್ತೂ ಒಂದು ಹೆಜ್ಜೆ ಮುಂದೆ ಹೋಗುತ್ತದೆ. ಇಂದಿನ ಬಾಗಲಕೋಟೆ ಜಿಲ್ಲೆಯ ಕಂದಗಲ್ಲದ ಈ ನಾಟಕಕಾರರ ಹೆಸರು ಈಗ ವಿಜಯಪುರದ ರಂಗಮಂದಿರಕ್ಕಿದೆ. ಅವರ ಈ ನಾಟಕದ ವಸ್ತು ಯುದ್ಧ ಮುಗಿದ ಮೇಲಿನ ರಾತ್ರಿ. ಅಶ್ವತ್ಥಾಮನು ಮಲಗಿದ್ದ ಪಾಂಡವರ ಮಕ್ಕಳನ್ನು ಕೊಲ್ಲುತ್ತಾನೆ. ಗೆದ್ದವರ ಮನೆಯಲ್ಲೂ ಮಕ್ಕಳು ಉಳಿಯುವುದಿಲ್ಲ.

ಗ್ರಂಥದಲ್ಲೂ ಇದೇ ದಾರಿ

ಕನ್ನಡದ ಶಿಷ್ಟ ನಾಟಕ ಪರಂಪರೆಯೂ ಇದಕ್ಕಿಂತ ಭಿನ್ನವಲ್ಲ. ಬಿ.ಎಂ. ಶ್ರೀಕಂಠಯ್ಯನವರು ರನ್ನನ ಕಾವ್ಯವನ್ನು ‘ಗದಾಯುದ್ಧ ನಾಟಕಂ’ ಆಗಿ ಮಾರ್ಪಡಿಸಿದಾಗ ಅದು ಸೋತ ದುರ್ಯೋಧನನ ದುರಂತವಾಯಿತು. 1935ರಲ್ಲಿ ಅವರು ಗ್ರೀಕ್ ಕವಿ ಈಸ್ಕಿಲಸನ ನಾಟಕವನ್ನು ‘ಪಾರಸಿಕರು’ ಎಂದು ಕನ್ನಡಕ್ಕೆ ತಂದರು. ಕ್ರಿ.ಪೂ. 480ರ ಸಲಾಮಿಸ್ ಕದನದಲ್ಲಿ ಅಥೆನ್ಸ್ ಗೆದ್ದ ಎಂಟು ವರ್ಷಗಳ ನಂತರ, ಅಥೆನ್ಸಿನ ರಂಗದ ಮೇಲೆಯೇ, ಸೋತ ಪರ್ಷಿಯನ್ನರ ಅರಮನೆಯ ಗೋಳನ್ನು ತೋರಿಸಿದ ನಾಟಕವದು. ಬರೆದವನು ಪರ್ಷಿಯನ್ನರ ವಿರುದ್ಧ ಮ್ಯಾರಥಾನ್‌ನಲ್ಲಿ ಸ್ವತಃ ಕಾದಿದ ಸೈನಿಕ. ಕುವೆಂಪು ಅವರ ‘ಶ್ಮಶಾನ ಕುರುಕ್ಷೇತ್ರಂ’ ಎಂಬ ಹೆಸರೇ ಅದರ ನಿಲುವನ್ನು ಸಾರುತ್ತದೆ. ಗಿರೀಶ ಕಾರ್ನಾಡರು 2018ರಲ್ಲಿ ಪ್ರಕಟಿಸಿದ ‘ರಾಕ್ಷಸ ತಂಗಡಿ’ಯೂ 1565ರ ಕದನದಲ್ಲಿ ಮುರಿದುಬಿದ್ದ ವಿಜಯನಗರದ ಕಥೆ.

ನೆಲದ ಯುದ್ಧಗಳು ಎಲ್ಲಿ ಹೋದವು?

ಹಾಗಾದರೆ ಈ ನಾಲ್ಕು ತಾಲ್ಲೂಕುಗಳ ನೆಲದಲ್ಲಿಯೇ ನಡೆದ ಯುದ್ಧಗಳ ನೆನಪು ಎಲ್ಲಿದೆ? ಅದು ಮೊದಲು ಸಿಗುವುದು ಕಲ್ಲಿನಲ್ಲಿ. ನ್ಯಾಮತಿ ತಾಲ್ಲೂಕಿನ ಬೆಳಗುತ್ತಿ ಒಂದು ಕಾಲಕ್ಕೆ ಸಿಂದ ಅರಸರ ನೆಲೆ. ಈ ಸೀಮೆಯ ಅನೇಕ ಊರುಗಳ ಹೊರವಲಯದಲ್ಲಿ ವೀರಗಲ್ಲುಗಳು ನಿಂತಿವೆ. ಹೊನ್ನಾಳಿ, ಚನ್ನಗಿರಿ ತಾಲ್ಲೂಕುಗಳ ಶಾಸನಗಳನ್ನು ‘ಎಪಿಗ್ರಾಫಿಯಾ ಕರ್ನಾಟಿಕ’ದ ಏಳನೆಯ ಸಂಪುಟ ದಾಖಲಿಸಿದೆ. ವೀರಗಲ್ಲು ಸಾಮಾನ್ಯವಾಗಿ ಮೂರು ಅಂಕಗಳ ನಾಟಕದಂತಿರುತ್ತದೆ: ಕೆಳಗೆ ಕಾಳಗ, ನಡುವೆ ಅಪ್ಸರೆಯರು ವೀರನನ್ನು ಕೊಂಡೊಯ್ಯುವುದು, ಮೇಲೆ ಶಿವಸಾನ್ನಿಧ್ಯ. ಸತ್ತವನ ಮನೆಯಲ್ಲಿ ಮರುದಿನ ಏನಾಯಿತೆಂಬುದಕ್ಕೆ ಅಲ್ಲಿ ಜಾಗವಿಲ್ಲ. ಆ ನಾಲ್ಕನೆಯ ಅಂಕವನ್ನು ಆಡಿ ತೋರಿಸುವುದು ರಂಗಭೂಮಿ.

ಇತಿಹಾಸದ ಪುಟಗಳಲ್ಲಿಯೂ ವಸ್ತುವಿಗೆ ಬರವಿಲ್ಲ. 1748ರಲ್ಲಿ ದಾವಣಗೆರೆ ಸಮೀಪದ ಮಾಯಕೊಂಡದಲ್ಲಿ ಚಿತ್ರದುರ್ಗದ ಪಡೆಗೂ ಬಿದನೂರು, ಹರಪನಹಳ್ಳಿ ಮೊದಲಾದವರ ಕೂಟಕ್ಕೂ ಕದನ ನಡೆದು ದುರ್ಗದ ಮದಕರಿ ನಾಯಕ ಮಡಿದ. ಈತ 1779ರಲ್ಲಿ ಹೈದರಾಲಿಗೆ ಸೆರೆಯಾದ ಕೊನೆಯ ಮದಕರಿಯಲ್ಲ, ಅವನಿಗಿಂತ ಹಿಂದಿನವನು. ಚನ್ನಗಿರಿಯಲ್ಲಿ ಹುಟ್ಟಿದ ಧೋಂಡಿಯಾ ವಾಘ್ ಹೈದರನ ಸೈನಿಕನಾಗಿ, ಟಿಪ್ಪುವಿನ ಸೆರೆಯಾಳಾಗಿ, 1799ರಲ್ಲಿ ಶ್ರೀರಂಗಪಟ್ಟಣ ಬಿದ್ದಾಗ ಹೊರಬಂದು, ಚದುರಿದ ಸೈನಿಕರನ್ನು ಕೂಡಿಸಿಕೊಂಡು ಕಂಪನಿಯ ವಿರುದ್ಧ ಒಂದು ವರ್ಷಕ್ಕೂ ಹೆಚ್ಚು ಕಾಲ ಕಾದಿದ. 1800ರ ಸೆಪ್ಟೆಂಬರ್ 10ರಂದು ಅವನನ್ನು ಕೊನೆಗಾಣಿಸಿದ ಆರ್ಥರ್ ವೆಲ್ಲೆಸ್ಲಿಯೇ ಮುಂದೆ ವಾಟರ್ಲೂ ಗೆದ್ದ ಸೇನಾಪತಿ. ಅನಾಥನಾದ ಧೋಂಡಿಯಾನ ಮಗನ ಪೋಷಣೆಗೆ ಏರ್ಪಾಡು ಮಾಡಿದವನೂ ಅದೇ ವೆಲ್ಲೆಸ್ಲಿ. ನಾಟಕಕಾರನೊಬ್ಬನಿಗೆ ಇದಕ್ಕಿಂತ ಹೆಚ್ಚಿನದೇನು ಬೇಕು?

1830-31ರ ನಗರ ದಂಗೆಯಲ್ಲಿ ಹೊನ್ನಾಳಿ ಬಂಡಾಯಗಾರರ ಪ್ರಮುಖ ನೆಲೆಗಳಲ್ಲೊಂದು. ಕಂದಾಯದ ಹೊರೆಗೆ ಬೇಸತ್ತ ರೈತರು ಕೂಟಗಳನ್ನು ಕಟ್ಟಿಕೊಂಡರು. ಕೆಳದಿ ಸಿಂಹಾಸನದ ವಾರಸುದಾರ ತಾನೆಂದ ಬೂದಿ ಬಸವಪ್ಪ ಮುಂದಾಳಾದ. ದಂಗೆಯನ್ನು ಹತ್ತಿಕ್ಕಿದ ಬೆನ್ನಿಗೇ, 1831ರಲ್ಲಿ ಬ್ರಿಟಿಷರು ಮೈಸೂರಿನ ಆಡಳಿತವನ್ನು ತಾವೇ ವಹಿಸಿಕೊಂಡರು. ಅರ್ಧ ಶತಮಾನದವರೆಗೆ ಅದನ್ನು ಮರಳಿಸಲಿಲ್ಲ. ರಾಜ್ಯದ ಚರಿತ್ರೆಯ ದಿಕ್ಕನ್ನೇ ತಿರುಗಿಸಿದ ಈ ಘಟನೆಗಳು ಜಾತ್ರೆಯ ರಂಗದಲ್ಲಿ ಕುರುಕ್ಷೇತ್ರದಂತೆ ನೆಲೆಯೂರಲಿಲ್ಲ.

‘ನಮ್ಮವರು’ ಯಾರು?

ಕಾರಣ ಹುಡುಕಲು ದೂರ ಹೋಗಬೇಕಿಲ್ಲ. ದಾವಣಗೆರೆ ಜಿಲ್ಲೆ ರಚನೆಯಾದುದು 1997ರಲ್ಲಿ. ಜಗಳೂರು ಚಿತ್ರದುರ್ಗದಿಂದ ಬಂತು, ಚನ್ನಗಿರಿ ಮತ್ತು ಹೊನ್ನಾಳಿ ಶಿವಮೊಗ್ಗದಿಂದ ಬಂದವು. ನ್ಯಾಮತಿ ಹೊನ್ನಾಳಿಯಿಂದ ಬೇರ್ಪಟ್ಟು ತಾಲ್ಲೂಕಾದುದು ಅದರ ಎರಡು ದಶಕಗಳ ನಂತರ. ಕೆಳದಿಯ ಚೆನ್ನಮ್ಮಾಜಿಯ ಹೆಸರಿನಿಂದ ಬಂತೆನ್ನಲಾಗುವ ಚನ್ನಗಿರಿ ಒಂದೆಡೆ, ದುರ್ಗದ ಪಾಳೆಯಗಾರರ ನೆನಪನ್ನು ಹೊತ್ತ ಜಗಳೂರು ಇನ್ನೊಂದೆಡೆ. ಮಾಯಕೊಂಡದ ಕದನವನ್ನು ‘ನಮ್ಮ ಗೆಲುವು’ ಎಂದೋ ‘ನಮ್ಮ ಸೋಲು’ ಎಂದೋ ಬರೆದರೆ ಒಂದೇ ಜಿಲ್ಲೆಯ ಒಂದು ತಾಲ್ಲೂಕಿನಲ್ಲಿ ಚಪ್ಪಾಳೆ, ಮತ್ತೊಂದರಲ್ಲಿ ಮುನಿಸು. ಜಗಳೂರು ಪರಿಶಿಷ್ಟ ಪಂಗಡಕ್ಕೆ ಮೀಸಲಾದ ವಿಧಾನಸಭಾ ಕ್ಷೇತ್ರ. ಅಲ್ಲಿ ಮದಕರಿಯ ಹೆಸರಿಗೆ ಇಂದಿನ ರಾಜಕೀಯದ ತೂಕವೂ ಇದೆ.

ಇತಿಹಾಸದ ಯುದ್ಧವನ್ನು ರಂಗಕ್ಕೆ ತಂದಾಗ ಏನಾಗಬಹುದು ಎಂಬುದನ್ನು ಮೈಸೂರು ರಂಗಾಯಣ ಕಂಡಿದೆ. 2022ರ ನವೆಂಬರ್‌ನಲ್ಲಿ ಅದರ ಅಂದಿನ ನಿರ್ದೇಶಕ ಅಡ್ಡಂಡ ಸಿ. ಕಾರ್ಯಪ್ಪ ಅವರ ‘ಟಿಪ್ಪು ನಿಜಕನಸುಗಳು’ ಪ್ರದರ್ಶನಗೊಂಡಿತು. ವಿವಾದ ನ್ಯಾಯಾಲಯಕ್ಕೂ ಹೋಗಿ ಪುಸ್ತಕದ ಮಾರಾಟಕ್ಕೆ ತಾತ್ಕಾಲಿಕ ತಡೆ ಬಂತು. ಟಿಪ್ಪುವನ್ನು ವೀರನೆಂದು ಆಡಿದ ನಾಟಕಗಳೂ ಕನ್ನಡದಲ್ಲಿ ಬಂದಿವೆ. ಪಕ್ಷ ಬದಲಾದರೂ ಇಂಥ ನಾಟಕಗಳ ಅಪಾಯ ಒಂದೇ: ಎದುರಾಳಿ ಬಾಯಿ ತೆರೆಯುವುದು ಬೈಸಿಕೊಳ್ಳುವುದಕ್ಕಷ್ಟೇ ಎಂಬಂತಾಗುವುದು.

ಹಳ್ಳಿಯ ಕುರುಕ್ಷೇತ್ರದಿಂದ ಕಲಿಯಬೇಕಾದ ಪಾಠ ಇಲ್ಲಿದೆ. ಶಕುನಿಗೂ ಅಲ್ಲಿ ತನ್ನ ಸಂಕಟ ಹೇಳಿಕೊಳ್ಳಲು ಅವಕಾಶವುಂಟು. ಅದೇ ಅಳತೆಯಲ್ಲಿ ಮಾಯಕೊಂಡವನ್ನೂ ಹೊನ್ನಾಳಿಯ ದಂಗೆಯನ್ನೂ ಬರೆಯಲು ಸಾಧ್ಯವಾದರೆ ಅವುಗಳಿಗೂ ಜಾತ್ರೆಯ ರಂಗದಲ್ಲಿ ಜಾಗ ಸಿಕ್ಕೀತು. ದುರ್ಗದ ದಂಡಾಳು ಮತ್ತು ಬಿದನೂರಿನ ದಂಡಾಳು ಒಂದೇ ದೃಶ್ಯದಲ್ಲಿ ತಮ್ಮ ತಮ್ಮ ಊರಿನ ಬೆಳೆಯ ಬಗ್ಗೆ ಮಾತನಾಡಬಲ್ಲ ನಾಟಕ ಬೇಕು.

ಸಾಧನಗಳ ಕೊರತೆಯಂತೂ ಇಲ್ಲ. ಚಿಂದೋಡಿ ಕುಟುಂಬದ ಕೆ.ಬಿ.ಆರ್. ನಾಟಕ ಕಂಪನಿ ಬೆಳೆದ ಜಿಲ್ಲೆಯಿದು. ಆ ಕಂಪನಿಯ ಚಿಂದೋಡಿ ಲೀಲಾ ಅವರಿಗೆ 1988ರಲ್ಲಿ ಪದ್ಮಶ್ರೀ ಸಂದಿತ್ತು. ನೆರೆಯ ಹೊಸದುರ್ಗ ತಾಲ್ಲೂಕಿನ ಸಾಣೇಹಳ್ಳಿಯಿಂದ 1997ರಲ್ಲಿ ಹೊರಟ ‘ಶಿವಸಂಚಾರ’ ತಿರುಗಾಟವು ಗಂಭೀರ ನಾಟಕಕ್ಕೂ ಹಳ್ಳಿಗಳಲ್ಲಿ ಪ್ರೇಕ್ಷಕರಿದ್ದಾರೆಂದು ಸಾಬೀತುಪಡಿಸಿದೆ. ಸೀನರಿ ಬಾಡಿಗೆ, ಧ್ವನಿವರ್ಧಕ, ಸ್ತ್ರೀಪಾತ್ರಕ್ಕೆ ಬರುವ ವೃತ್ತಿ ಕಲಾವಿದೆಯರ ಸಂಭಾವನೆ ಇವುಗಳ ಹೊರೆಯನ್ನು ಊರವರೇ ಚಂದಾ ಎತ್ತಿ ಭರಿಸುತ್ತಿದ್ದಾರೆ. ಹೊಸ ನಾಟಕ ಬರೆಸಲು, ಮೇಷ್ಟ್ರುಗಳಿಗೆ ತರಬೇತಿ ನೀಡಲು ಸರ್ಕಾರದ ಸಂಸ್ಕೃತಿ ಇಲಾಖೆ, ಅಕಾಡೆಮಿಗಳು ಮುಂದಾಗಬೇಕಷ್ಟೆ.

ಸ್ಟುಡಿಯೋದ ಯುದ್ಧ ಸೈರನ್ ನಿಂತೊಡನೆ ಮುಗಿಯಿತು. ಜಾತ್ರೆಯ ಯುದ್ಧ ಬೆಳಕು ಹರಿಯುವವರೆಗೆ ನಡೆದು, ಕೊನೆಗೆ ಹೆಣಗಳ ನಡುವೆ ಅಳುವ ತಾಯಂದಿರನ್ನು ತೋರಿಸಿ ಜನರನ್ನು ಮನೆಗೆ ಕಳುಹಿಸುತ್ತದೆ. ಮುಂದಿನ ತಲೆಮಾರು ಯುದ್ಧವನ್ನು ಈ ಎರಡರಲ್ಲಿ ಯಾವ ರಂಗದಿಂದ ಕಲಿಯಬೇಕು ಎಂಬುದು ಈಗ ಇತ್ಯರ್ಥವಾಗಬೇಕಾದ ಪ್ರಶ್ನೆ.