ಕಥೆಯಿಲ್ಲದ ಚಿತ್ರ, ಬಣ್ಣದ ಆಲಾಪನೆ

ಸಿನಿಮಾ ನೋಡಿ ಬಂದವರನ್ನು ನಾವು ಮೊದಲು ಕೇಳುವ ಪ್ರಶ್ನೆ, ‘ಕಥೆಯೇನು?’ ಎಂಬುದು. ಚಿತ್ರದುರ್ಗದವರಾದ ನಮಗಂತೂ ಸಿನಿಮಾ ಎಂದೊಡನೆ ನೆನಪಾಗುವುದು ತ.ರಾ.ಸು. ಅವರ ಕಥೆ, ಪುಟ್ಟಣ್ಣ ಕಣಗಾಲರ ‘ನಾಗರಹಾವು’ (1972) ಮತ್ತು ಅದರಲ್ಲಿ ಕಂಡ ನಮ್ಮ ಕೋಟೆ. ಆದರೆ ಕಥೆಯೇ ಇಲ್ಲದ, ಬಣ್ಣ ಹಾಗೂ ಬೆಳಕುಗಳೇ ಪಾತ್ರಗಳಾದ ಚಿತ್ರಗಳೂ ಉಂಟು. ಅವನ್ನು ‘ಅರ್ಥವಾಗದ್ದು’ ಎಂದು ತಳ್ಳಿಬಿಡುವುದು ಉಚಿತವಲ್ಲವೆಂಬುದು ನನ್ನ ಅಭಿಪ್ರಾಯ.

ಕೆನಡಾದ ನಾರ್ಮನ್ ಮೆಕ್‌ಲಾರೆನ್ ಮತ್ತು ಎವೆಲಿನ್ ಲ್ಯಾಂಬರ್ಟ್ 1949ರಲ್ಲಿ ‘ಬಿಗಾನ್ ಡಲ್ ಕೇರ್’ ಚಿತ್ರಕ್ಕಾಗಿ ಫಿಲ್ಮಿನ ಮೇಲೆಯೇ ಬಣ್ಣ ಬಳಿದು, ಗೀರಿ, ಆಸ್ಕರ್ ಪೀಟರ್ಸನ್ ಅವರ ಜಾಜ್ ಸಂಗೀತಕ್ಕೆ ಗೆರೆಗಳನ್ನು ಕುಣಿಸಿದರು. ಅಮೆರಿಕದ ಸ್ಟ್ಯಾನ್ ಬ್ರಾಕೇಜ್ 1963ರಲ್ಲಿ ಪತಂಗದ ರೆಕ್ಕೆಗಳನ್ನೂ ಎಲೆಗಳನ್ನೂ ಪಾರದರ್ಶಕ ಟೇಪಿನ ನಡುವೆ ಅಂಟಿಸಿ, ಕ್ಯಾಮೆರಾವಿಲ್ಲದೆಯೇ ‘ಮಾತ್‌ಲೈಟ್’ ರಚಿಸಿದರು. ಬಿಡಿ ಚಿತ್ರಗಳು ಸೆಕೆಂಡಿಗೆ 24ರಂತೆ ಹಾಯುವಾಗ ಅವನ್ನು ಬೆಸೆದು ಚಲನೆಯಾಗಿ ಕಾಣುವುದು ನಮ್ಮ ಮನಸ್ಸು. ಕಥೆಯ ಸೆಳೆತದಲ್ಲಿ ಈ ವಿಸ್ಮಯ ಮರೆತುಹೋಗುತ್ತದೆ. ಇಂಥ ಚಿತ್ರಗಳಲ್ಲಿ ನೋಟವೇ ವಸ್ತು.

ಇದು ನಮಗೆ ಪರಕೀಯವೆ? ಖಂಡಿತ ಅಲ್ಲ. ತ.ರಾ.ಸು. ಅವರ ಮತ್ತೊಂದು ಕಾದಂಬರಿಯಿಂದ ಜಿ.ವಿ. ಅಯ್ಯರ್ ನಿರ್ದೇಶಿಸಿದ ‘ಹಂಸಗೀತೆ’ (1975) ದುರ್ಗದ ಸಂಗೀತಗಾರನೊಬ್ಬನ ಕಥೆ. ಕಥೆ ಮರೆತರೂ ಬಾಲಮುರಳೀಕೃಷ್ಣರ ಕಂಠ ಉಳಿಯುತ್ತದೆ. ರಾಗಾಲಾಪನೆಗೆ ಸಾಹಿತ್ಯವಿಲ್ಲವೆಂದು ಯಾರೂ ಎದ್ದು ಹೋಗುವುದಿಲ್ಲ. ಹಾಸಿಗೊಂದು, ಹೊಕ್ಕಿಗೊಂದು ಬಣ್ಣವಿಟ್ಟು ನೇಯ್ದ ರೇಷ್ಮೆ ಸೀರೆ ಹೊರಳಿಸಿದಂತೆಲ್ಲ ಬೇರೆ ಬಣ್ಣ ತೋರುತ್ತದೆ. ಮೊಳಕಾಲ್ಮುರಿನ ನೆರೆಯವರಾದ ನಮಗೆ ಅದನ್ನು ಮೆಚ್ಚಲು ಕಥೆ ಬೇಕಾಗಿಲ್ಲ. ತೆರೆಯ ಮೇಲಿನ ಬಣ್ಣಕ್ಕೆ ಮಾತ್ರ ಏಕೆ ಬೇಕು?

ನಮ್ಮ ಉದಾಸೀನದಿಂದ ನಷ್ಟವೂ ಉಂಟು. ಚಿತ್ರಕಲಾವಿದ ಅಕ್ಬರ್ ಪದಮ್ಸಿ 1969ರಲ್ಲಿ ತಮ್ಮದೇ ವರ್ಣಚಿತ್ರವೊಂದನ್ನು ಬಣ್ಣದ ಬೆಳಕಿನಿಂದ ತೆರೆಯ ಮೇಲೆ ಮರಳಿ ಕಟ್ಟಿದ್ದರು. ಹೆಸರು ‘ಈವೆಂಟ್ಸ್ ಇನ್ ಎ ಕ್ಲೌಡ್ ಚೇಂಬರ್’. ಇದ್ದ ಒಂದೇ ಪ್ರತಿ ಕಳೆದುಹೋಯಿತು. 2016ರಲ್ಲಿ ಆಶಿಮ್ ಅಹ್ಲುವಾಲಿಯಾ ವೃದ್ಧ ಪದಮ್ಸಿಯವರ ಜೊತೆಗೂಡಿ ಅದೇ ಹೆಸರಿನ ಚಿತ್ರದಲ್ಲಿ ಅದನ್ನು ನೆನಪಿನಿಂದ ಪುನರ್ರಚಿಸಲು ಯತ್ನಿಸಿದರು. 2020ರಲ್ಲಿ ಪದಮ್ಸಿ ತೀರಿಕೊಂಡರು. ‘ನಾಗರಹಾವು’ 2018ರಲ್ಲಿ ಹೊಸ ಡಿಜಿಟಲ್ ರೂಪದಲ್ಲಿ ಮತ್ತೆ ತೆರೆಕಂಡಾಗ ನಾವೆಲ್ಲ ಸಂತೋಷಪಟ್ಟೆವು. ಕೇಳುವವರಿರುವ ಕಲೆಗೆ ಮರುಹುಟ್ಟು ದೊರೆಯುತ್ತದೆ. ಕೇಳುವವರಿಲ್ಲದ್ದಕ್ಕೆ ಎರಡನೆಯ ಪ್ರತಿಯೂ ಇರುವುದಿಲ್ಲ.

ಹಿರಿಯೂರು, ಹೊಸದುರ್ಗ, ಹೊಳಲ್ಕೆರೆಗಳಲ್ಲಿ ಈಗ ಶಿಕ್ಷಕರಾಗಿರುವ ನನ್ನ ಶಿಷ್ಯರಲ್ಲಿ ಒಂದು ವಿನಂತಿ. ‘ಮಾತ್‌ಲೈಟ್’ ನೋಡಲು ಐದು ನಿಮಿಷವೂ ಬೇಡ. ಒಮ್ಮೆ ತರಗತಿಯಲ್ಲಿ ತೋರಿಸಿ. ಬಳಿಕ ಮಕ್ಕಳನ್ನು ‘ಏನು ಅರ್ಥವಾಯಿತು?’ ಎಂದು ಕೇಳದೆ, ‘ಏನು ಕಂಡಿರಿ?’ ಎಂದು ಕೇಳಿ.