ನಾಯಿಯ ಉಗುರು

ಗೃಹಸ್ಥರೊಬ್ಬರು ನಮಗೆ ಬರೆದಿರುವ ಕಾಗದದ ಸಾರಾಂಶವಿದು. ಅವರ ಮನೆಯಲ್ಲಿ ಹನ್ನೆರಡು ವರ್ಷದ ನಾಯಿಯೊಂದುಂಟು. ಒಂದು ತಿಂಗಳಿಂದ ಅದು ಹಗಲಿರುಳೆನ್ನದೆ ಮುಂಗಾಲನ್ನು ನೆಕ್ಕುತ್ತ ಕುಳಿತಿರುತ್ತಿತ್ತು. ವಯಸ್ಸಾದ ಪ್ರಾಣಿ, ಹೊತ್ತುಹೋಗದೆ ನೆಕ್ಕುತ್ತದೆಂದು ಮನೆಯವರು ಸುಮ್ಮನಿದ್ದರು. ಒಂದು ದಿನ ದುರ್ವಾಸನೆ ಬರಲು, ಕಾಲನ್ನೆತ್ತಿ ರೋಮವನ್ನು ಸರಿಸಿ ನೋಡುತ್ತಾರೆ: ಒಳಮಗ್ಗುಲಿನ ಉಗುರು ಬಳೆಯಂತೆ ಸುತ್ತಿ ಬೆಳೆದು, ಅದರ ತುದಿಯು ಮಾಂಸದೊಳಕ್ಕೆ ಇಳಿದಿದೆ, ಸುತ್ತಲೂ ಕೀವು ತುಂಬಿದೆ. ಪಶುವೈದ್ಯರು ಉಗುರನ್ನು ಕತ್ತರಿಸಿ ತೆಗೆದು ಗಾಯವನ್ನು ತೊಳೆದ ಮೇಲೆ ನಾಯಿ ನೆಟ್ಟಗೆ ನಡೆಯುತ್ತಿದೆಯಂತೆ. ದಿನವೂ ಎರಡು ಹೊತ್ತು ಅನ್ನವಿಕ್ಕುವ ಕೈ ಒಂದು ತಿಂಗಳ ಕಾಲ ಆ ಪಾದವನ್ನು ಮುಟ್ಟಿ ನೋಡಲಿಲ್ಲವಲ್ಲಾ ಎಂದು ಅವರು ಮರುಗಿದ್ದಾರೆ. ಅವರನ್ನು ಆಕ್ಷೇಪಿಸುವ ಅಧಿಕಾರ ನಮಗಿಲ್ಲ. ಏಕೆಂಬುದನ್ನು ಮುಂದೆ ಹೇಳುವೆವು.

ಬೀದಿಯ ನಾಯಿಗೆ ಉಗುರು ಕತ್ತರಿಸುವವರಾರು, ಮನೆಯ ನಾಯಿಗೆ ಮಾತ್ರ ಈ ಉಪಚಾರವೇಕೆ ಎಂದು ಕೇಳುವವರುಂಟು. ಬೀದಿಯ ನಾಯಿಗೆ ಮಣ್ಣು, ಕಲ್ಲು, ಡಾಂಬರುಗಳೇ ಅರದ ಕೆಲಸವನ್ನು ಮಾಡುತ್ತವೆ. ಹಿಂದೆ ಮನೆಯ ನಾಯಿಯೂ ಅಂಗಳದಲ್ಲಿ ಮಲಗಿ, ಯಜಮಾನನ ಹಿಂದೆ ಹೊಲಗದ್ದೆಗಳಿಗೆ ಹೋಗಿಬರುತ್ತಿತ್ತು. ಈಗ ಅದು ಮೂರನೆಯ ಮಹಡಿಯ ನುಣುಪಾದ ಗ್ರಾನೈಟಿನ ಮೇಲೆ ವಾಸಮಾಡುತ್ತ, ದಿನಕ್ಕೆ ಎರಡು ಬಾರಿ ಹತ್ತು ನಿಮಿಷ ಹೊರಗೆ ಹೋಗಿ ಬರುತ್ತದೆ. ಮೊಲದ ಬೆನ್ನಟ್ಟಿ ಓಡಲೆಂದು ಹುಟ್ಟಿದ ಮುಧೋಳದ ನಾಯಿಯೂ ಬೆಂಗಳೂರಿನ ಸೋಫಾದ ಮೇಲೆ ಮಲಗಿರುವುದನ್ನು ನಾವು ಕಂಡಿದ್ದೇವೆ. ಉಗುರಾದರೋ ತನ್ನ ಬೆಳವಣಿಗೆಯನ್ನು ನಿಲ್ಲಿಸುವುದಿಲ್ಲ. ವಾರಕ್ಕೆ ಸುಮಾರು 1ರಿಂದ 2 ಮಿಲಿಮೀಟರಿನಷ್ಟು ಬೆಳೆಯುತ್ತಲೇ ಇರುತ್ತದೆ. ಸವೆತವು ಬೆಳವಣಿಗೆಗೆ ಸಮನಾಗದಿದ್ದಲ್ಲಿ ಮಿಕ್ಕುದನ್ನು ಮನೆಯವರೇ ತೆಗೆಯಬೇಕಾಗುತ್ತದೆ.

ನಾಯಿಯ ಉಗುರು ನಮ್ಮ ಉಗುರಿನಂತೆ ಬೆರಳಿನ ಮೇಲೆ ಹಾಸಿದ ಹಲ್ಲೆಯಲ್ಲ. ಬೆರಳಿನ ಕೊನೆಯ ಮೂಳೆಗೆ ತೊಡಿಸಿದ ಕೊಂಬಿನ ಒರೆಯೆಂದು ಅದನ್ನು ತಿಳಿಯಬೇಕು. ಒರೆಯ ಒಳಗೆ ರಕ್ತನಾಳವೂ ನರವೂ ಕೂಡಿದ ಜೀವದ ತಿರುಳಿರುತ್ತದೆ. ಉಗುರಿನ ಪೆಟ್ಟು ನಾಯಿಗೆ ಅಷ್ಟೊಂದು ನೋವನ್ನುಂಟುಮಾಡುವುದೂ, ಉಗುರಿನ ಸೋಂಕು ಮೂಳೆಯವರೆಗೆ ಹಬ್ಬಬಲ್ಲುದೂ ಇದರಿಂದಲೇ. ಉಗುರು ಉದ್ದವಾಗಿ ನೆಲಕ್ಕೆ ತಾಗತೊಡಗಿದರೆ ಪ್ರತಿ ಹೆಜ್ಜೆಗೂ ನೆಲವು ಅದನ್ನು ಹಿಂದಕ್ಕೆ ನೂಕುತ್ತದೆ. ಬೆರಳುಗಳು ಅಗಲುತ್ತವೆ, ಪಾದದ ನಿಲುವು ಕೆಡುತ್ತದೆ. ಕೀಲುನೋವಿರುವ ಮುದಿನಾಯಿಯು ನುಣುಪು ನೆಲದ ಮೇಲೆ ಜಾರಿ ಬೀಳುವುದಕ್ಕೆ ಅರ್ಧ ಕಾರಣ ಕೀಲಾದರೆ ಇನ್ನರ್ಧ ಕಾರಣ ಉಗುರೆಂದು ನಮಗೆ ತೋರುತ್ತದೆ. ಹಜಾರದಲ್ಲಿ ನಾಯಿ ನಡೆಯುವಾಗ ಟಕಟಕನೆ ಸದ್ದು ಕೇಳಿಬಂದರೆ ಕತ್ತರಿಸುವ ಕಾಲವು ಬಂದಿತೆಂದೇ ತಿಳಿಯಬಹುದು.

ಕಾಗದ ಬರೆದವರ ನಾಯಿಗೆ ತೊಂದರೆ ಕೊಟ್ಟುದು ಹೆಬ್ಬೆರಳಿನ ಉಗುರು. ನಾಯಿಯು ನಾಲ್ಕು ಬೆರಳುಗಳ ಮೇಲೆ ನಡೆಯುತ್ತದೆ. ಮುಂಗಾಲಿನ ಒಳಮಗ್ಗುಲಲ್ಲಿ ಸ್ವಲ್ಪ ಮೇಲಕ್ಕೆ ಐದನೆಯದೊಂದಿರುತ್ತದೆ. ಕೆಲವು ನಾಯಿಗಳಿಗೆ ಹಿಂಗಾಲಿನಲ್ಲಿಯೂ ಇರುವುದುಂಟು. ನಿಂತಾಗ ಅದು ನೆಲವನ್ನು ಮುಟ್ಟದಾದಕಾರಣ, ನಾಯಿ ದಿನಕ್ಕೆ ಹತ್ತು ಮೈಲಿ ನಡೆದರೂ ಅದು ಸಾಕಷ್ಟು ಸವೆಯಲಾರದು. ಉದ್ದರೋಮದ ನಾಯಿಗಳಲ್ಲಿ ಅದು ಕಣ್ಣಿಗೂ ಬೀಳುವುದಿಲ್ಲ. ಆದಕಾರಣ ಉಳಿದ ಉಗುರುಗಳನ್ನು ಮರೆತರೂ ಇದೊಂದನ್ನು ಮರೆಯಬಾರದು.

ಕತ್ತರಿಸುವ ಕ್ರಮವನ್ನು ಸ್ವಲ್ಪ ವಿಸ್ತಾರವಾಗಿ ಹೇಳಬೇಕಾಗಿದೆ. ಅನೇಕರು ಭಯದಿಂದಲೇ ಈ ಕೆಲಸವನ್ನು ಬಿಟ್ಟಿರುತ್ತಾರೆ. ಮೊದಲ ದಿನವೇ ಕತ್ತರಿಯನ್ನು ಹಿಡಿಯತಕ್ಕದ್ದಲ್ಲ. ಒಂದು ವಾರದ ಕಾಲ ನಾಯಿಯ ಪಾದವನ್ನು ಹಿಡಿದು, ಬೆರಳುಗಳನ್ನು ಒಂದೊಂದಾಗಿ ಒತ್ತಿ, ಒಂದು ಚೂರು ಚಪಾತಿಯನ್ನೋ ಬೇಯಿಸಿದ ಮೊಟ್ಟೆಯ ತುಣುಕನ್ನೋ ಕೊಡಬೇಕು. ಮರಿಯಿಂದಲೇ ಈ ಅಭ್ಯಾಸವಾದ ನಾಯಿ ಮುಂದೆ ತಾನಾಗಿಯೇ ಕಾಲನ್ನು ಚಾಚುತ್ತದೆ. ನಮ್ಮ ಕೈಬೆರಳಿಗೆ ಬಳಸುವ ಉಗುರುಕತ್ತರಿಯು ನಾಯಿಗೆ ಒಗ್ಗದು. ಅದು ದುಂಡಾದ ಉಗುರನ್ನು ಹಿಸುಕಿ ಸೀಳಿಬಿಡುತ್ತದೆ. ನಾಯಿಗೆಂದೇ ಮಾಡಿದ ಕತ್ತರಿ ಔಷಧದಂಗಡಿಗಳಲ್ಲಿಯೂ ಸಾಕುಪ್ರಾಣಿಗಳ ಅಂಗಡಿಗಳಲ್ಲಿಯೂ ಸಿಕ್ಕುವುದುಂಟು. ಅದರ ಅಲಗು ಹರಿತವಾಗಿರಬೇಕು. ಸ್ನಾನವಾದ ಮೇಲೆ ಉಗುರು ಮೆತ್ತಗಿರುವುದರಿಂದ ಕೆಲಸ ಸುಲಭವಾಗುತ್ತದೆ.

ಬಿಳಿಯ ಉಗುರಾದರೆ ಬೆಳಕಿಗೆ ಹಿಡಿದಾಗ ಒಳಗಿನ ತಿರುಳು ಗುಲಾಬಿ ಬಣ್ಣವಾಗಿ ಕಾಣುತ್ತದೆ. ಅದಕ್ಕಿಂತ ಈಚೆಗೇ ಕತ್ತರಿಸಿದರಾಯಿತು. ಕಷ್ಟವಿರುವುದು ಕಪ್ಪು ಉಗುರಿನಲ್ಲಿ. ಅಲ್ಲಿ ತುದಿಯಿಂದ 1 ಮಿಲಿಮೀಟರಿನಷ್ಟೇ ದಪ್ಪದ ಬಿಲ್ಲೆಗಳನ್ನು ಒಂದಾದಮೇಲೊಂದರಂತೆ ತೆಗೆಯುತ್ತ, ಪ್ರತಿಸಲವೂ ಕತ್ತರಿಸಿದ ಮುಖವನ್ನು ನೋಡಬೇಕು. ಮೊದಮೊದಲು ಅದು ಒಣಗಿ ಪುಡಿಪುಡಿಯಾಗಿರುತ್ತದೆ. ನಡುವೆ ತೇವವಾದ ಕಪ್ಪುಚುಕ್ಕೆಯೊಂದು ಕಾಣಿಸಿದೊಡನೆ ನಿಲ್ಲಿಸತಕ್ಕದ್ದು. ಅದರ ಹಿಂದೆಯೇ ತಿರುಳಿದೆ. ಬಹಳ ಉದ್ದವಾಗಿ ಬೆಳೆದ ಉಗುರಿನಲ್ಲಿ ತಿರುಳೂ ಉದ್ದವಾಗಿ ಬಂದಿರುತ್ತದೆ. ಅಂಥದನ್ನು ಒಂದೇ ದಿನ ಸರಿಪಡಿಸುವ ಹಟ ಬೇಡ. ವಾರಕ್ಕೊಮ್ಮೆ ಸ್ವಲ್ಪಸ್ವಲ್ಪವೇ ತೆಗೆಯುತ್ತ ಬಂದರೆ ತಿರುಳು ತಾನಾಗಿ ಹಿಂದಕ್ಕೆ ಸರಿಯುತ್ತದೆ. ಆಮೇಲೆ ಮೂರು ನಾಲ್ಕು ವಾರಗಳಿಗೊಮ್ಮೆ ನೋಡಿಕೊಂಡರೆ ಸಾಕು.

ಎಷ್ಟು ಎಚ್ಚರದಿಂದಿದ್ದರೂ ಒಮ್ಮೊಮ್ಮೆ ರಕ್ತ ಬಂದೀತು. ಗಾಬರಿಯಾಗಿ ಮನೆಯವರೆಲ್ಲ ಕೂಗಾಡಿದರೆ ನಾಯಿ ಆ ದಿನವನ್ನು ಎಂದಿಗೂ ಮರೆಯುವುದಿಲ್ಲ. ಶುಭ್ರವಾದ ಬಟ್ಟೆಯಿಂದ ಐದು ನಿಮಿಷ ಬಿಡದೆ ಒತ್ತಿ ಹಿಡಿಯಬೇಕು. ಪಟಿಕಾರದ ನುಣ್ಣನೆಯ ಪುಡಿಯನ್ನೋ ಕಾರ್ನ್‌ಫ್ಲೋರನ್ನೋ ತುದಿಗೆ ಅದುಮಬಹುದು. ಹತ್ತು ಹದಿನೈದು ನಿಮಿಷವಾದರೂ ರಕ್ತ ನಿಲ್ಲದಿದ್ದರೆ ವೈದ್ಯರಲ್ಲಿಗೆ ಹೋಗತಕ್ಕದ್ದು.

ಮುರಿದ ಉಗುರಿನ ಮಾತು ಬೇರೆ. ಕಂಬಳಿಗೋ ಗೇಟಿನ ಸಂದಿಗೋ ಸಿಕ್ಕಿಕೊಂಡು ಉಗುರು ಬುಡದಲ್ಲಿ ಸೀಳಿ ಅರ್ಧ ತೂಗಾಡುತ್ತಿದ್ದರೆ ಮನೆಯಲ್ಲಿ ಅದನ್ನು ಕಿತ್ತೆಸೆಯಲು ಯಾರೂ ಕೈಹಾಕಬಾರದು. ಎಂಥ ಸಾಧುವಾದ ನಾಯಿಯೂ ಆ ನೋವಿನಲ್ಲಿ ಕಚ್ಚೀತು. ಮೆದುವಾದ ಬಟ್ಟೆಯನ್ನು ಸಡಿಲವಾಗಿ ಸುತ್ತಿ ಕರೆದುಕೊಂಡು ಹೋದರೆ, ವೈದ್ಯರು ಮಂಪರಿನ ಔಷಧವನ್ನು ಕೊಟ್ಟು ಸಡಿಲವಾದ ಭಾಗವನ್ನು ತೆಗೆಯುತ್ತಾರೆ. ಕೆಲವು ತಿಂಗಳಲ್ಲಿ ಹೊಸ ಉಗುರು ಬರುತ್ತದೆ. ಇಲ್ಲಿ ಒಂದು ಮಾತನ್ನು ಒತ್ತಿ ಹೇಳಬೇಕಾಗಿದೆ. ನೋವಿಗೆಂದು ಮನೆಯ ಡಬ್ಬಿಯಲ್ಲಿರುವ ಪ್ಯಾರಾಸಿಟಮಾಲ್, ಐಬುಪ್ರೊಫೇನ್, ಡೈಕ್ಲೊಫೆನಾಕ್ ಮಾತ್ರೆಗಳನ್ನು ನಾಯಿಗೆ ಕೊಡಕೂಡದು. ಮನುಷ್ಯನಿಗೆ ಹಿತವಾದ ಇವು ನಾಯಿಯ ಹೊಟ್ಟೆಯಲ್ಲಿ ಹುಣ್ಣನ್ನೂ, ಮೂತ್ರಪಿಂಡ ಯಕೃತ್ತುಗಳಿಗೆ ಹಾನಿಯನ್ನೂ ಉಂಟುಮಾಡಬಲ್ಲವು. ಪ್ರೀತಿಯಿಂದ ಕೊಟ್ಟ ಮಾತ್ರೆಯಿಂದಲೇ ನಾಯಿ ಸತ್ತ ಮನೆಗಳುಂಟು.

ಉಗುರಿನ ಬುಡ ಕೆಂಪಾಗಿ ಊದಿ, ಬೆರಳ ಸಂದಿ ತೇವವಾಗಿದ್ದರೆ ಮೊದಲು ಉಣುಗುಗಳನ್ನು ಹುಡುಕಬೇಕು. ಅವು ಬೆರಳ ಸಂದಿಯಲ್ಲಿ ಅಡಗುವುದು ಸಾಮಾನ್ಯ. ಉಗುರಿನ ಬುಡದಲ್ಲಿ ಕಂದುಬಣ್ಣದ ಕೊಳೆ ಕಟ್ಟಿ ಹುಳಿವಾಸನೆ ಬಂದರೆ ಬೂಷ್ಟಿನ ಜಾತಿಯ ಯೀಸ್ಟ್ ಸೇರಿರಬಹುದು. ಅದಕ್ಕೆ ಮೂಲ ಕಾರಣವಾಗಿ ಬಹುಮಟ್ಟಿಗೆ ಚರ್ಮದ ಅಲರ್ಜಿಯೇ ಇರುತ್ತದೆ. ಮಳೆಗಾಲದಲ್ಲಿ ಹೊರಗಿನಿಂದ ಬಂದ ನಾಯಿಯ ಪಾದಗಳನ್ನು ತೊಳೆದು ಬೆರಳ ಸಂದಿಯವರೆಗೆ ಒರೆಸುವ ರೂಢಿಯಿದ್ದಲ್ಲಿ ಈ ತೊಂದರೆಗಳು ಎಷ್ಟೋ ಕಡಮೆಯಾಗುವುವು.

ಇವೆಲ್ಲ ಹೊರಗಿನ ಕಾರಣಗಳು. ದೇಹದ ಒಳಗಿನಿಂದ ಬರುವ ರೋಗವೊಂದಿದೆ. ಆರೋಗ್ಯವಾಗಿ ಉಂಡುಕೊಂಡು ಆಡಿಕೊಂಡಿದ್ದ ಮಧ್ಯವಯಸ್ಸಿನ ನಾಯಿಯ ಒಂದು ಉಗುರು ಇದ್ದಕ್ಕಿದ್ದಂತೆ ಕಳಚಿಬೀಳುತ್ತದೆ. ಎಲ್ಲಿಯೋ ತಗುಲಿಸಿಕೊಂಡಿತೆಂದು ಮನೆಯವರೆಣಿಸುತ್ತಾರೆ. ಕೆಲವು ವಾರಗಳಲ್ಲಿ ಇನ್ನೊಂದು, ಮತ್ತೊಂದು. ಕಡೆಗೆ ನಾಲ್ಕು ಪಾದಗಳ ಉಗುರುಗಳೂ ಸಡಿಲವಾಗಿ ಬೀಳುತ್ತವೆ. ಹೊಸದಾಗಿ ಬಂದವು ವಕ್ರವಾಗಿ, ಪುಡಿಯಾಗಿ ಒಡೆಯುತ್ತವೆ. ಪಶುವೈದ್ಯರು ಇದನ್ನು ಲೂಪಾಯ್ಡ್ ಆನಿಕೋಡಿಸ್ಟ್ರೋಫಿ ಎಂದು ಕರೆಯುತ್ತಾರೆ. ದೇಹದ ರಕ್ಷಣಾಶಕ್ತಿಯು ತನ್ನ ಉಗುರಿನ ಬುಡವನ್ನೇ ಶತ್ರುವೆಂದು ಭ್ರಮಿಸುವುದರಿಂದ ಇದು ಬರುವುದೆಂಬುದು ಈಗಿನ ತಿಳಿವಳಿಕೆ. ಜರ್ಮನ್ ಷೆಪರ್ಡ್ ಜಾತಿಯಲ್ಲಿ ಇದು ಹೆಚ್ಚಾಗಿ ಕಂಡುಬಂದಿದೆ. ಮೀನೆಣ್ಣೆಯಂಥ ಪೋಷಕಗಳನ್ನೂ, ಡಾಕ್ಸಿಸೈಕ್ಲಿನ್ ನಯಾಸಿನಮೈಡ್ ಮೊದಲಾದ ಔಷಧಗಳನ್ನೂ ವೈದ್ಯರು ಕೊಡುತ್ತಾರೆ. ಉಗುರು ಬುಡದಿಂದ ಬೆಳೆದು ಬರಬೇಕಾದುದರಿಂದ ಮೂರು ನಾಲ್ಕು ತಿಂಗಳಿಗೆ ಮುನ್ನ ಗುಣ ಕಾಣದು. ಒಂದು ತಿಂಗಳಿಗೇ ಬೇಸತ್ತು ಔಷಧವನ್ನು ಬಿಡುವವರೇ ಹೆಚ್ಚು.

ಹೀಗೆ ಅನೇಕ ಉಗುರುಗಳು ಒಟ್ಟಿಗೆ ಕೆಟ್ಟರೆ ಒಂದು ಬಗೆಯ ಶಂಕೆ. ಒಂದೇ ಬೆರಳು ಪದೇ ಪದೇ ಕೆಟ್ಟರೆ ಮತ್ತೊಂದು ಬಗೆಯದು. ಎರಡನೆಯದನ್ನು ನಾವು ನಮ್ಮ ಮನೆಯಲ್ಲಿಯೇ ಕಲಿತೆವು.

ನಮ್ಮ ಮನೆಯಲ್ಲಿ ಭೀಮನೆಂಬ ಕರಿಯ ಲ್ಯಾಬ್ರಡಾರ್ ನಾಯಿಯಿತ್ತು. ಅದಕ್ಕೆ ಹತ್ತು ವರ್ಷ ತುಂಬಿದ್ದ 2016ನೆಯ ಇಸವಿಯ ನವರಾತ್ರಿಯ ದಿನಗಳಲ್ಲಿ ಬಲ ಮುಂಗಾಲಿನ ಒಂದು ಬೆರಳು ಊದಿ ಉಗುರು ಸೀಳಿತು. ಗೊಂಬೆಗಳನ್ನು ಇಳಿಸುವ ಗಡಿಬಿಡಿಯಲ್ಲಿ ಎಲ್ಲಿಯೋ ಪೆಟ್ಟಾಯಿತೆಂದು ನಾವು ಅರಿಶಿನವನ್ನು ಕೊಬ್ಬರಿ ಎಣ್ಣೆಯಲ್ಲಿ ಕಲಸಿ ಹಚ್ಚಿದೆವು. ಭೀಮ ಅದನ್ನು ನೆಕ್ಕಿಬಿಡುವುದು, ನಾವು ಮತ್ತೆ ಹಚ್ಚುವುದು, ಹೀಗೆ ಮೂರು ವಾರ ಕಳೆಯಿತು. ಆಮೇಲೆ ವೈದ್ಯರಿಗೆ ತೋರಿಸಲು ಅವರು ಸೋಂಕಿಗೆ ಔಷಧವನ್ನು ಕೊಟ್ಟು, ಹತ್ತು ದಿನಗಳಲ್ಲಿ ಗುಣವಾಗದಿದ್ದರೆ ಎಕ್ಸ್‌ರೇ ತೆಗೆಯಬೇಕೆಂದರು. ಊತ ಇಳಿಯಿತು, ನಾವೂ ಎಕ್ಸ್‌ರೇಯ ಮಾತನ್ನು ಮರೆತೆವು. ಕಾರ್ತಿಕ ಮುಗಿಯುವ ಹೊತ್ತಿಗೆ ಬೆರಳು ಮೊದಲಿಗಿಂತ ದಪ್ಪವಾಗಿತ್ತು. “ಎಷ್ಟು ದಿನವಾಯಿತು?” ಎಂದು ವೈದ್ಯರು ಕೇಳಿದಾಗ ನಮ್ಮ ತಾಯಿಯವರು, “ಎರಡು ತಿಂಗಳಾಯಿತಪ್ಪಾ, ನಾವೇ ತಡಮಾಡಿದೆವು” ಎಂದುಬಿಟ್ಟರು. ಎಕ್ಸ್‌ರೇಯಲ್ಲಿ ಬೆರಳಿನ ಕೊನೆಯ ಮೂಳೆಯು ಗೆದ್ದಲು ತಿಂದ ಮರದಂತೆ ಕಂಡಿತು. ಎದೆಯ ಚಿತ್ರವನ್ನೂ ತೆಗೆದು ಶ್ವಾಸಕೋಶಕ್ಕೆ ಹಬ್ಬಿದ ಗುರುತಿಲ್ಲವೆಂದು ಕಂಡುಕೊಂಡ ಮೇಲೆ ಆ ಬೆರಳನ್ನು ಬುಡಸಹಿತ ತೆಗೆದರು. ಉಗುರಿನ ಬುಡದಲ್ಲಿ ಹುಟ್ಟುವ ಸ್ಕ್ವಾಮಸ್ ಸೆಲ್ ಕಾರ್ಸಿನೋಮ ಎಂಬ ಅರ್ಬುದವೆಂದು, ಅಂದರೆ ಕ್ಯಾನ್ಸರೆಂದು ಪರೀಕ್ಷೆಯ ವರದಿ ಬಂದಿತು.

ನಾಯಿಯ ಬೆರಳುಗಳಲ್ಲಿ ಹುಟ್ಟುವ ಕೆಟ್ಟ ಗಡ್ಡೆಗಳಲ್ಲಿ ಇದೇ ಅತಿ ಸಾಮಾನ್ಯವಾದುದು. ಕರಿಯ ಬಣ್ಣದ ದೊಡ್ಡ ನಾಯಿಗಳಲ್ಲಿ, ಎಂದರೆ ಕರಿಯ ಲ್ಯಾಬ್ರಡಾರ್, ರಾಟ್‌ವೈಲರ್, ಕರಿಯ ಪೂಡಲ್ ಜಾತಿಗಳಲ್ಲಿ ಹೆಚ್ಚು. ನೋಡುವುದಕ್ಕೆ ಉಗುರಿನ ಸೋಂಕಿಗೂ ಇದಕ್ಕೂ ಭೇದವೇ ತೋರದು. ಸೋಂಕಿನ ಔಷಧಕ್ಕೆ ಕೆಲವು ದಿನ ಇಳಿದಂತೆಯೂ ಕಾಣುತ್ತದೆ. ಹಬ್ಬುವ ಮೊದಲೇ ಬೆರಳನ್ನು ತೆಗೆದರೆ ಅನೇಕ ನಾಯಿಗಳು ವರ್ಷಗಟ್ಟಲೆ ಬದುಕುತ್ತವೆ; ಅದೇ ಸ್ಥಳದಲ್ಲಿ ಹುಟ್ಟುವ ಮೆಲನೋಮ ಎಂಬ ಇನ್ನೊಂದು ಗಡ್ಡೆ ಇದಕ್ಕಿಂತ ಕ್ರೂರವಾದುದು. ಆದಕಾರಣ ವಯಸ್ಸಾದ ನಾಯಿಯ ಒಂದೇ ಬೆರಳು ಊದಿ, ಎರಡು ವಾರದ ಚಿಕಿತ್ಸೆಯಲ್ಲಿ ಪೂರ್ತಿ ಗುಣವಾಗದಿದ್ದರೆ ಅಥವಾ ಗುಣವಾಗಿ ಮರುಕಳಿಸಿದರೆ, ಎಕ್ಸ್‌ರೇ ಬೇಕೆಂದು ಮನೆಯವರೇ ಕೇಳಬೇಕು. ಬೆರಳನ್ನು ಕಳೆದುಕೊಂಡು ನಾಯಿ ಹೇಗೆ ನಡೆಯುವುದೆಂಬ ಚಿಂತೆ ನಮಗೂ ಇತ್ತು. ಭೀಮ ಮೂರು ವಾರದಲ್ಲಿ ಮೆಟ್ಟಿಲು ಹತ್ತಿದನು. ಮತ್ತೆ ಎರಡು ವರ್ಷಕ್ಕೂ ಮಿಕ್ಕಿ ನಮ್ಮೊಡನಿದ್ದು, ಮುಪ್ಪಿನಿಂದ ತೀರಿಕೊಂಡನು. ದೈವವಶಾತ್ ನಮಗೆ ತಡವಾದುದು ಎರಡೇ ತಿಂಗಳು.

ಕೊನೆಯದಾಗಿ ಮಕ್ಕಳಿರುವ ಮನೆಗಳಿಗೊಂದು ಸೂಚನೆ. ನಾಯಿ ತನ್ನ ಪಾದವನ್ನು ನೆಕ್ಕುತ್ತಿರುವುದರಿಂದ ಉಗುರಿಗೆ ಜೊಲ್ಲು ಅಂಟಿರುತ್ತದೆ. ಹುಚ್ಚುನಾಯಿರೋಗದ ವಿಷಾಣುವು ಇರುವುದು ಜೊಲ್ಲಿನಲ್ಲಿ. ಬೀದಿಯ ನಾಯಿಯಾಗಲಿ, ಲಸಿಕೆಯ ಲೆಕ್ಕ ಸರಿಯಾಗಿ ತಿಳಿಯದ ನಾಯಿಯಾಗಲಿ ಮಗುವನ್ನು ಉಗುರಿನಿಂದ ಗೀರಿದರೆ, ರಕ್ತ ಬರಲಿಲ್ಲವೆಂದು ಉದಾಸೀನ ಮಾಡತಕ್ಕದ್ದಲ್ಲ. ಸುಣ್ಣ, ಮೆಣಸಿನಪುಡಿ, ಅರಿಶಿನ ಯಾವುದನ್ನೂ ಹಚ್ಚದೆ, ಸಾಬೂನು ಹಾಕಿ ಹರಿಯುವ ನೀರಿನಲ್ಲಿ 15 ನಿಮಿಷ ತೊಳೆದು, ಅದೇ ದಿನ ಆಸ್ಪತ್ರೆಗೆ ಕರೆದೊಯ್ದು ಲಸಿಕೆಯನ್ನು ಹಾಕಿಸಬೇಕು. ಚರ್ಮ ಸೀಳಿ ರಕ್ತ ಬಂದಿದ್ದರೆ ಲಸಿಕೆಯ ಜೊತೆಗೆ ಗಾಯದ ಸುತ್ತ ಇಮ್ಯುನೋಗ್ಲಾಬ್ಯುಲಿನ್ ಎಂಬ ಮದ್ದನ್ನೂ ಕೊಡಬೇಕಾಗುತ್ತದೆ; ವೈದ್ಯರು ಅದನ್ನು ಹೇಳದಿದ್ದಲ್ಲಿ ಕೇಳಿ ತಿಳಿದುಕೊಳ್ಳುವುದು.

ಮುಂದಿನ ಸಂಚಿಕೆಯಲ್ಲಿ ನಾಯಿಯ ಕಿವಿಸೋರುವಿಕೆಯ ವಿಷಯವನ್ನು ಬರೆಯುವೆವು.