ದುರ್ಗ ನೋಡಿದ್ವಿ, ಬೆಟ್ಟ ನೋಡ್ಲಿಲ್ಲ

ಮೊನ್ನೆ ಭಾನುವಾರ ಅಮ್ಮನ ಜೊತೆ ಒಂದು ದಿನದ ಟೂರ್ ಬಸ್ಸಿನಲ್ಲಿ ದೇವರಾಯನದುರ್ಗಕ್ಕೆ ಹೋಗಿದ್ದೆ. ಊಟ ಸಮೇತ, ಗೈಡ್ ಸಮೇತ!

ನಾಮದ ಚಿಲುಮೆಯಲ್ಲಿ ಇಪ್ಪತ್ತು ನಿಮಿಷ. ಹಣೆಗೆ ನಾಮ ಇಟ್ಟುಕೊಳ್ಳೋಕೆ ನೀರಿಲ್ಲದೆ ಶ್ರೀರಾಮ ಬಾಣ ಬಿಟ್ಟ ಕಥೆಯನ್ನು ಗೈಡ್ ಚೆನ್ನಾಗೇ ಹೇಳಿದ. ಭೋಗನರಸಿಂಹನಿಗೆ ಅರ್ಧ ಗಂಟೆ. 1696ರಲ್ಲಿ ಚಿಕ್ಕದೇವರಾಜ ಒಡೆಯರು ಈ ದುರ್ಗ ಗೆದ್ದಿದ್ದು ಒಂದೇ ಸಾಲಲ್ಲಿ ಮುಗೀತು. ಮೆಟ್ಟಿಲು ಹತ್ತಿ ಯೋಗನರಸಿಂಹನ ದರ್ಶನ ಮಾಡಿ ಉಸಿರು ಬಿಡೋದ್ರೊಳಗೆ ಸೀಟಿ!

ಅಮ್ಮ ಕೇಳಿದ್ಲು, "ಈ ಬೆಟ್ಟದ ಮಳೆನೀರು ಎತ್ಲಾಗೆ ಹೋಗುತ್ತಪ್ಪಾ?"

"ಅದೆಲ್ಲ ಗೊತ್ತಿಲ್ಲಮ್ಮ, ಬಸ್ ಹೊರಡುತ್ತೆ ಬನ್ನಿ."

ತುಮಕೂರಲ್ಲೇ ಬೆಳೆದ ನನಗೂ ಗೊತ್ತಿರಲಿಲ್ಲ. ನಾಚಿಕೆಯಾಯ್ತು. ರಾತ್ರಿ ಮನೇಲಿ ಹುಡುಕಿ ಓದಿದೆ. ಈ ಬೆಟ್ಟಸಾಲಲ್ಲೇ ಶಿಂಷಾ ಹುಟ್ಟಿ ದಕ್ಷಿಣಕ್ಕೆ ಹರಿದು ಕಾವೇರಿ ಸೇರುತ್ತೆ. ಜಯಮಂಗಲಿ ಇಲ್ಲೇ ಹುಟ್ಟಿ ಉತ್ತರಕ್ಕೆ ಹೋಗಿ ಉತ್ತರ ಪಿನಾಕಿನಿ ಸೇರುತ್ತೆ. ಕುಣಿಗಲ್ ತಾಲೂಕಿನ ಮಾರ್ಕೋನಹಳ್ಳಿ ಜಲಾಶಯ ಕಟ್ಟಿರೋದು ಇದೇ ಶಿಂಷಾಗೆ. ಅಮ್ಮನ ತವರಿನ ಗದ್ದೆಗೆ ಬರ್ತಿದ್ದದ್ದು ಆ ಕಾಲುವೆಯ ನೀರೇ! ಹೇಳಿದೆ. ಅಮ್ಮ ಸ್ವಲ್ಪ ಹೊತ್ತು ಸುಮ್ನಿದ್ದು, "ಮೊದ್ಲೇ ಗೊತ್ತಿದ್ರೆ ಒಂದು ಗಳಿಗೆ ಕೂತು ನೋಡ್ತಿದ್ದೆ ಕಣೋ" ಅಂದ್ಲು.

ಗೈಡ್‌ನ ಬೈಯೋಕೆ ಮನಸ್ಸಿಲ್ಲ. ಟಿಕೆಟ್ ತಗೊಳ್ಳುವಾಗ ನಾನೂ ಕೇಳಿದ್ದು "ಎಷ್ಟು ಜಾಗ ತೋರಿಸ್ತೀರಿ?" ಅಂತ ತಾನೇ! ನನ್ನ ಪ್ರಕಾರ ಒಂದು ಜಾಗ ಕಮ್ಮಿ ಮಾಡಲಿ, ಬೆಟ್ಟದ ತುದೀಲಿ ಒಂದು ಗಂಟೆ ಕೂರೋಕೆ ಬಿಡಲಿ. ಪುರಾಣದ ಜೊತೆ ನದಿಗಳ ಕಥೇನೂ ಹೇಳಲಿ.

ಮುಂದಿನ ಸಲ ಅಮ್ಮನ ಜೊತೆ ಸೀಟಿ ಇಲ್ಲದೆ ಹೋಗ್ತೀನಿ. ನಿಮ್ಮೂರಿನ ಬೆಟ್ಟದ ನೀರು ಎಲ್ಲಿಗೆ ಹೋಗುತ್ತೆ, ನಿಮಗೆ ಗೊತ್ತಾ?